ಒಂಬತ್ತನೆಯ ನಂಬರಿಗೆ ಬೇರೆ ದನಿ

ಮೆಟ್ರೋ ಬಂದ ಮೇಲೆ ನನ್ನ ಓಡಾಟ ಸುಲಭವಾಯಿತು ಎಂದು ಎಲ್ಲರೂ ಹೇಳುತ್ತಾರೆ, ನಾನೂ ಹೌದು ಎನ್ನುತ್ತೇನೆ. ಮನೆ ಬೊಮ್ಮಸಂದ್ರದಲ್ಲಿ. ಕೆಲಸ ಎಲೆಕ್ಟ್ರಾನಿಕ್ ಸಿಟಿಯ ಒಂದು ಕಂಪನಿಯ ಗೇಟಿನಲ್ಲಿ, ಸೆಕ್ಯುರಿಟಿ ಸೂಪರ್‌ವೈಸರ್. ಹೊಸೂರು ರಸ್ತೆಯ ಬಸ್ಸಿನಲ್ಲಿ ಬೆವರು ಸುರಿಸಿಕೊಂಡು ಹೋಗುತ್ತಿದ್ದ ದಾರಿಯನ್ನು ಈಗ ತಣ್ಣಗೆ ಕೂತು ಮುಗಿಸುತ್ತೇನೆ. ಆದರೆ ಬಸ್ಸಿಗೆ ಒಂದು ಒಳ್ಳೆಯ ಗುಣವಿತ್ತು. ಅದರ ಕಿಟಕಿಯಿಂದ ಕಾಂಪೌಂಡು ಗೋಡೆಗಳ ಹಿಂದೆ ಏನಿದೆ ಎಂಬುದು ಕಾಣುತ್ತಿರಲಿಲ್ಲ. ಮೆಟ್ರೋದಲ್ಲಿ ಎಲ್ಲವೂ ಮೇಲಿನಿಂದ ಕಾಣುತ್ತದೆ.

ಕಳೆದ ಮಳೆಗಾಲದಲ್ಲಿ ಒಂದು ಸಂಜೆ ಹೆಬ್ಬಗೋಡಿ ನಿಲ್ದಾಣದಲ್ಲಿ ಬಾಗಿಲು ತೆರೆದಾಗ ಔಷಧಿ ಕಾರ್ಖಾನೆಗಳ ಆ ಹುಳಿವಾಸನೆ ಒಳಗೆ ಬಂತು. ಮಳೆ ಬಿದ್ದ ದಿನ ಅದು ನೆಲಕ್ಕೆ ಅಂಟಿಕೊಂಡಂತೆ ಇರುತ್ತದೆ. ಈ ಕಡೆಯ ನಮಗೆ ಅಭ್ಯಾಸ. ರೈಲು ಹೊರಟ ಸ್ವಲ್ಪ ಹೊತ್ತಿಗೆ ಕೆಳಗೆ ಒಂದು ದೊಡ್ಡ ಗೋದಾಮಿನ ಅಂಗಳ ಕಂಡಿತು. ಲಾರಿ ನಿಲ್ಲಿಸುವ ಜಾಗಕ್ಕೆ ಇಬ್ಬರು ಸುಣ್ಣದ ಪುಡಿಯಲ್ಲಿ ಗೆರೆ ಎಳೆಯುತ್ತಿದ್ದರು. ತುಂತುರು ಮಳೆಯಲ್ಲಿ ಗೆರೆ ಎಳೆದಂತೆಲ್ಲ ಕರಗುತ್ತಿತ್ತು. ಅದೇ ಮೈದಾನ, ಅದೇ ದಕ್ಷಿಣಕ್ಕೆ ಇಳಿಜಾರು. ಬೊಮ್ಮಸಂದ್ರದಲ್ಲಿ ಇಳಿದವನು ಪ್ಲಾಟ್‌ಫಾರಂ ಬೆಂಚಿನ ಮೇಲೆ ಕೂತೆ, ಮೂರು ರೈಲು ಬಂದು ಹೋಗುವವರೆಗೂ ಏಳಲಾಗಲಿಲ್ಲ.

ಆ ಜಾಗದಲ್ಲಿ ಒಂದು ಕಾಲೇಜಿತ್ತು. ಊರವರ ಬಾಯಲ್ಲಿ ಅದು ಮಿಲಿಟರಿ ಕಾಲೇಜು. ಸರ್ಕಾರದ್ದಲ್ಲ, ನಿವೃತ್ತ ಕರ್ನಲ್ ಒಬ್ಬರು ಕಟ್ಟಿದ ವಸತಿ ಪಿಯು ಕಾಲೇಜು. ಸೈನ್ಯಕ್ಕೆ ಸೇರಬೇಕೆನ್ನುವ ಹುಡುಗರಿಗೆ ಅಲ್ಲಿ ಪಾಠದ ಜೊತೆ ಕವಾಯತು, ಓಟ, ಸಮವಸ್ತ್ರ, ಕಂಠಪಾಠದಂತೆ ಒಪ್ಪಿಸುವ ಶಿಸ್ತು ಎಲ್ಲವೂ ಇತ್ತು. ನಾನು ಫಿರಂಗಿ ದಳದಲ್ಲಿ ಹವಾಲ್ದಾರನಾಗಿ ನಿವೃತ್ತನಾಗಿ ಊರಿಗೆ ಬಂದವನು, ಹೆಬ್ಬಗೋಡಿಯವನೇ. ಕವಾಯತು ಹೇಳಿಕೊಡಲು ನನ್ನನ್ನು ಇಟ್ಟುಕೊಂಡರು. ಸೈನ್ಯದ ರೂಢಿಯಂತೆ ಹುಡುಗರು ನನ್ನನ್ನು ಉಸ್ತಾದ್ ಎಂದು ಕರೆಯುತ್ತಿದ್ದರು. ಅಪ್ಪ ಇಟ್ಟ ನಾರಾಯಣಸ್ವಾಮಿ ಎಂಬ ಹೆಸರು ಅಲ್ಲಿ ಯಾರಿಗೂ ಬೇಕಾಗಲಿಲ್ಲ.

ಫುಟ್‌ಬಾಲ್ ತಂಡವೂ ನನ್ನ ತಲೆಗೇ ಬಂತು. ಕರ್ನಲ್ ಸಾಹೇಬರ ಕೋಣೆಯಲ್ಲಿ ಒಂದು ಹಳೆಯ ಫೋಟೋ ಇತ್ತು. ನೂರು ವರ್ಷದ ಹಿಂದಿನ ಯಾವುದೋ ಮಿಲಿಟರಿ ಕಾಲೇಜಿನ ತಂಡ. ಮೀಸೆ ಹೊತ್ತ ಹನ್ನೊಂದು ಜನ, ಮೊಣಕಾಲು ದಾಟುವ ಚಡ್ಡಿ, ನಡುವೆ ಹೊಲಿಗೆ ಹಾಕಿದ ಚರ್ಮದ ಚೆಂಡು. ಸಾಹೇಬರು ಹೊಸ ಹುಡುಗರನ್ನೆಲ್ಲ ಅದರ ಮುಂದೆ ನಿಲ್ಲಿಸಿ, ಆ ಕಾಲದಲ್ಲಿ ಬದಲಿ ಆಟಗಾರನೇ ಇರಲಿಲ್ಲ, ಬಿದ್ದವನು ಎದ್ದು ಆಡಬೇಕಿತ್ತು, ಇಲ್ಲವೇ ತಂಡ ಹತ್ತು ಜನರಲ್ಲಿ ಆಡಬೇಕಿತ್ತು ಎಂದು ಹೇಳುತ್ತಿದ್ದರು. ಹುಡುಗರು ಕಣ್ಣರಳಿಸಿ ಕೇಳುತ್ತಿದ್ದರು. ನಾನೂ ಕೇಳುತ್ತಿದ್ದೆ. ಆ ವಯಸ್ಸಿನಲ್ಲೂ ಬುದ್ಧಿ ಬಂದಿರಲಿಲ್ಲ ನೋಡಿ.

ಇನ್ನೊಂದು ಪದ್ಧತಿಯನ್ನು ನಾನೇ ತಂದೆ. ಅದನ್ನು ಯಾರ ಮೇಲೂ ಹೊರಿಸಲಾರೆ. ಸೈನ್ಯದಲ್ಲಿ ಸಾಲಾಗಿ ನಿಂತು ಒಬ್ಬೊಬ್ಬರೂ ತಮ್ಮ ನಂಬರು ಕೂಗುವುದಕ್ಕೆ ಗಿನ್ತಿ ಎನ್ನುತ್ತಾರೆ. ನನ್ನ ಹಳೆಯ ರೆಜಿಮೆಂಟಿನ ಫುಟ್‌ಬಾಲ್ ತಂಡದಲ್ಲಿ ಪ್ರತಿಯೊಬ್ಬನಿಗೂ ಇಡೀ ಹಂಗಾಮಿಗೆ ಒಂದೇ ನಂಬರು. ಯಾರಾದರೂ ಆಸ್ಪತ್ರೆಯಲ್ಲಿದ್ದರೆ, ರಜೆಯಲ್ಲಿದ್ದರೆ ಅವನ ನಂಬರನ್ನು ಖಾಲಿ ಬಿಡುತ್ತಿರಲಿಲ್ಲ. ಅವನಿಗಿಂತ ಮುಂಚೆ ನಿಲ್ಲುವವನು ತನ್ನ ನಂಬರು ಕೂಗಿ, ಅವನದನ್ನೂ ಕೂಗುತ್ತಿದ್ದ. ಇಲ್ಲದವನೂ ನಮ್ಮ ಜೊತೆಗೇ ಇದ್ದಾನೆ ಎಂಬ ಮರ್ಯಾದೆ ಅದು. ಚಳಿಯಲ್ಲಿ, ಊರಿನಿಂದ ಸಾವಿರಾರು ಮೈಲಿ ದೂರದಲ್ಲಿ ಅದನ್ನು ಕೇಳುವಾಗ ನನಗೆ ಕಣ್ಣು ತುಂಬಿ ಬರುತ್ತಿತ್ತು. ಅದನ್ನೇ ಈ ಹುಡುಗರಿಗೆ ಕಲಿಸಿದೆ. ಒಂದೇ ಷರತ್ತು: ಯಾರು ಇಲ್ಲ, ಯಾಕಿಲ್ಲ ಎಂದು ಮೊದಲೇ ನನಗೆ ಹೇಳಿರಬೇಕು.

ಎಂಟನೆಯವನು ಮುನಿರಾಜು. ಬೊಮ್ಮಸಂದ್ರದ ಹಿಂದಿನ ಹಳ್ಳಿಯವನು, ತಾಯಿ ಗಾರ್ಮೆಂಟ್ಸ್‌ಗೆ ಹೋಗುತ್ತಿದ್ದಳು. ಗಿಡ್ಡ ಆಳು, ಗಟ್ಟಿ ಕಾಲು, ಒರಟು ದನಿ. ಒಂಬತ್ತನೆಯವನು ಕೊಟ್ರೇಶ. ಅವನ ತಂದೆ ರಾಣೆಬೆನ್ನೂರು ಕಡೆಯಿಂದ ಬಂದ ಬ್ಯಾಂಕ್ ಅಧಿಕಾರಿ, ಮನೆ ಮಾರತ್ತಹಳ್ಳಿಯ ಒಂದು ಅಪಾರ್ಟ್‌ಮೆಂಟಿನಲ್ಲಿ. ತೆಳ್ಳಗೆ ಎತ್ತರದ ಹುಡುಗ. ಬೆಳಿಗ್ಗೆ ಹಚ್ಚಿದ ವಿಭೂತಿ ಸಂಜೆಯ ಆಟದ ಹೊತ್ತಿಗೆ ಬೆವರಿನಲ್ಲಿ ಹುಬ್ಬಿನವರೆಗೆ ಇಳಿದಿರುತ್ತಿತ್ತು. ಮೆಸ್ಸಿನಲ್ಲಿ ಕೊಡುವ ಮೊಟ್ಟೆ ಅವನ ತಟ್ಟೆಯಿಂದ ನೇರವಾಗಿ ಮುನಿರಾಜನ ತಟ್ಟೆಗೆ ಹೋಗುತ್ತಿತ್ತು. ಬದಲಿಗೆ ಮುನಿರಾಜ ಮೈದಾನದಲ್ಲಿ ಚೆಂಡನ್ನು ಇವನ ಕಾಲಿಗೆ ತಂದುಕೊಡುತ್ತಿದ್ದ. ಎರಡು ಮೊಟ್ಟೆಗೆ ಒಂದು ಗೋಲು ಎಂದು ಹುಡುಗರು ಕಿಚಾಯಿಸುತ್ತಿದ್ದರು.

ಆ ವರ್ಷದ ಲೀಗ್ ಪಂದ್ಯಾವಳಿಯಲ್ಲಿ ಸುತ್ತಲಿನ ಕಾರ್ಖಾನೆಗಳ ತಂಡಗಳು, ಒಂದೆರಡು ಐಟಿಐ, ಮತ್ತು ನಾವು. ಎದುರಾಳಿಗಳು ಮದುವೆಯಾಗಿ ಮಕ್ಕಳಿದ್ದ ಗಟ್ಟಿಮುಟ್ಟು ಕೆಲಸಗಾರರು. ಮೊದಲ ಪಂದ್ಯದಲ್ಲಿ ನಮ್ಮನ್ನು ಹಿಂಡಿ ಹಿಪ್ಪೆ ಮಾಡಿದರು. ಶಿಫ್ಟ್ ಮುಗಿಸಿ ಬಂದವರು ಗೋಡೆಯ ಮೇಲೆ ಸಾಲಾಗಿ ಕೂತು ಕಡಲೆಕಾಯಿ ತಿನ್ನುತ್ತಾ, ಮಗಾ, ಹಾಲು ಕುಡ್ಕೊಂಡು ಬಾ ಹೋಗು ಎಂದು ನಮ್ಮ ಹುಡುಗರನ್ನು ಗೇಲಿ ಮಾಡಿದರು. ನಾನು ಮಾರನೆಯ ದಿನದಿಂದ ಬೆಳಿಗ್ಗೆ ಐದಕ್ಕೇ ಮೈದಾನಕ್ಕೆ ಇಳಿಸಿದೆ. ಮಳೆ ಹಿಡಿದ ವರ್ಷ ಅದು. ಇಳಿಜಾರಿನ ತುದಿಯಲ್ಲಿ ನೀರು ನಿಂತು ಚೆಂಡು ಅಲ್ಲೇ ಕೂತುಬಿಡುತ್ತಿತ್ತು. ಕೆಸರಿನಲ್ಲಿ ಓಡಲು ಕಲಿತವರನ್ನು ಒಣನೆಲದಲ್ಲಿ ಯಾರೂ ಹಿಡಿಯಲಾರರು ಎಂದು ನನ್ನ ಲೆಕ್ಕಾಚಾರ. ಅದು ತಪ್ಪಾಗಲಿಲ್ಲ. ಆಮೇಲೆ ನಾವು ಸೋಲಲೇ ಇಲ್ಲ. ಗೋಡೆಯ ಮೇಲಿನ ಗೇಲಿ ನಿಧಾನಕ್ಕೆ ಶಿಳ್ಳೆಯಾಯಿತು. ಸೆಮಿಫೈನಲ್ ಗೆದ್ದ ದಿನ ಎದುರು ತಂಡದ ಮೀಸೆ ಕ್ಯಾಪ್ಟನ್ನೇ ಕೊಟ್ರೇಶನನ್ನು ಹೆಗಲ ಮೇಲೆ ಎತ್ತಿಕೊಂಡು ಅರ್ಧ ಮೈದಾನ ಸುತ್ತಿದ. ಸಂತೋಷ ಎಂದರೆ ಏನು ಎಂದು ಯಾರಾದರೂ ಕೇಳಿದರೆ ನನಗೆ ಇಂದಿಗೂ ಆ ಸಂಜೆಯೇ ನೆನಪಾಗುತ್ತದೆ, ಅದಕ್ಕೇ ಯಾರೂ ಕೇಳದಿರಲಿ ಎನ್ನಿಸುತ್ತದೆ.

ಗೆಲ್ಲುತ್ತಾ ಹೋದಂತೆ ನನ್ನ ಗಿನ್ತಿ ಕೆಟ್ಟಿತು. ಹುಡುಗರು ಆ ಪದ್ಧತಿಯನ್ನು ತಮ್ಮ ಅನುಕೂಲಕ್ಕೆ ಬಳಸಿಕೊಳ್ಳತೊಡಗಿದರು. ಒಬ್ಬ ಪರೋಟಾ ತಿನ್ನಲು ಹೆಬ್ಬಗೋಡಿಗೆ ಹೋದರೆ ಪಕ್ಕದವನು ಅವನ ನಂಬರು ಕೂಗಿಬಿಡುತ್ತಿದ್ದ. ಕೊಟ್ರೇಶನದು ಬೇರೆ ಕಾರಣ. ಕಾಲೇಜಿನಲ್ಲಿ ಫೋನಿಗೆ ಅವಕಾಶವಿರಲಿಲ್ಲ. ಅವನ ತಾಯಿಗೆ ಆ ಮಳೆಗಾಲದಲ್ಲಿ ಆಪರೇಷನ್ ಆಗಿತ್ತು. ಆಟ ಮುಗಿದ ಮೇಲೆ ಅವನು ಕಾರ್ನರ್ ಬಾವುಟಗಳನ್ನು ಮೈದಾನದ ಮೂಲೆಯ ಶೆಡ್ಡಿನಲ್ಲಿ ಇಡುವ ನೆಪದಲ್ಲಿ ಹೋಗಿ, ಶೆಡ್ಡಿನ ಹಿಂದೆ ಗೋಡೆ ಕುಸಿದ ಜಾಗದಿಂದ ಹೊರಗೆ ನುಸುಳಿ, ಎದುರಿನ ಅಂಗಡಿಯಿಂದ ತಾಯಿಗೆ ಫೋನು ಮಾಡಿ ಬರುತ್ತಿದ್ದ. ಅವತ್ತೆಲ್ಲ ಒಂಬತ್ತನೆಯ ನಂಬರನ್ನು ಮುನಿರಾಜನೇ ಕೂಗುತ್ತಿದ್ದ. ನನಗೆ ಗೊತ್ತಿತ್ತು. ಗೊತ್ತಿಲ್ಲದವನ ಹಾಗೆ ಇದ್ದೆ. ತಾಯಿಗೆ ಫೋನು ಮಾಡುವ ಹುಡುಗನನ್ನು ಹಿಡಿದು ನಾನು ಯಾವ ಯುದ್ಧ ಗೆಲ್ಲಬೇಕಿತ್ತು ಎಂದು ನನಗೆ ನಾನೇ ಹೇಳಿಕೊಳ್ಳುತ್ತಿದ್ದೆ.

ಫೈನಲ್‌ಗೆ ಎರಡು ದಿನ ಇತ್ತು. ಸಂಜೆಯ ಅಭ್ಯಾಸದಲ್ಲಿ ಮೂಲೆಯಿಂದ ಬಂದ ಚೆಂಡಿಗೆ ಕೊಟ್ರೇಶ ಹಾರಿದ, ನಮ್ಮದೇ ಗೋಲ್‌ಕೀಪರೂ ಹಾರಿದ. ತಲೆಗೆ ತಲೆ ಬಡಿದ ಸದ್ದು ಮಳೆಯಲ್ಲೂ ಕೇಳಿಸಿತು. ಕೊಟ್ರೇಶ ಕೆಸರಿನಲ್ಲಿ ಕೂತುಬಿಟ್ಟ. ನಾನು ಓಡಿದೆ. ಕಿವಿಯ ಮೇಲ್ಭಾಗದಲ್ಲಿ ಸ್ವಲ್ಪ ಊದಿತ್ತು, ರಕ್ತ ಬಂದಿರಲಿಲ್ಲ. ನಕ್ಕ. ಆಡಕ್ಕೆ ಆಗುತ್ತೇನೋ ಎಂದು ಕೇಳಿದೆ.

"ಏನೂ ಆಗಿಲ್ರೀ ಉಸ್ತಾದ್, ಆಡ್ತೀನಿ," ಅಂದ.

ಆಡಿಸಿದೆ. ಹತ್ತು ಹದಿನೈದು ನಿಮಿಷ ಆಡಿದ. ಒಂದು ಸಲ ಚೆಂಡು ಇಲ್ಲದ ಕಡೆಗೆ ಓಡಿದ್ದನ್ನು ಕಂಡೆ. ಸುಸ್ತಾಗಿರಬೇಕು ಅಂದುಕೊಂಡೆ. ಆಟ ಮುಗಿದಾಗ ಅವನು ಎಂದಿನಂತೆ ಬಾವುಟಗಳನ್ನು ಎತ್ತಿಕೊಂಡು ಶೆಡ್ಡಿನ ಕಡೆ ನಡೆದ. ಒಂದು ಬಾವುಟ ಕೈಯಿಂದ ಜಾರಿ ಬಿತ್ತು, ಅದನ್ನು ಬಿಟ್ಟೇ ಹೋದ.

ಆರೂಕಾಲಿಗೆ ತಂಡ ಸಾಲಾಗಿ ನಿಂತಿತು. ಅವತ್ತು ಕರ್ನಲ್ ಸಾಹೇಬರು ಕೊಡೆ ಹಿಡಿದು ನನ್ನ ಪಕ್ಕದಲ್ಲೇ ನಿಂತಿದ್ದರು. ಗಿನ್ತಿ ಶುರುವಾಯಿತು. ಏಕ್, ದೋ ಎನ್ನುತ್ತಾ ದನಿಗಳು ನನ್ನ ಕಡೆ ಬಂದವು. ಮುನಿರಾಜ "ಆಠ್" ಎಂದ. ಒಂದು ಉಸಿರಿನ ಅಂತರ. ಮತ್ತೆ ಒಂಬತ್ತಕ್ಕೆ "ನೌ" ಎಂದಿತು, ಅದೇ ಒರಟು ದನಿ. ಅವನು ಅದನ್ನು ಸ್ವಲ್ಪವೂ ಮರೆಮಾಚಿರಲಿಲ್ಲ. ನಾನು ಅವನತ್ತ ನೋಡಿದೆ, ಅವನು ನನ್ನತ್ತ ನೋಡಿದ. ಮೊದಲೇ ಹೇಳಿರಬೇಕು ಎಂಬ ಷರತ್ತು ನೆನಪಾಯಿತು. ತಲೆಗೆ ಬಿದ್ದ ಪೆಟ್ಟೂ ನೆನಪಾಯಿತು, ಅದನ್ನು ಮುಚ್ಚಿಡುವುದಿಲ್ಲ. ಆದರೆ ನಾನು ಗಿನ್ತಿ ನಿಲ್ಲಿಸಿ, ಒಂಬತ್ತು ಎಲ್ಲಿ ಎಂದು ಸಾಹೇಬರ ಎದುರು ಕೇಳಿದರೆ ಅವನು ಸಿಕ್ಕಿಬೀಳುತ್ತಾನೆ, ಹೇಳದೆ ಕೇಳದೆ ಹೊರಗೆ ಹೋದವನಿಗೆ ಮುಂದಿನ ಪಂದ್ಯವಿಲ್ಲ ಎಂಬುದು ಕಾಲೇಜಿನ ನಿಯಮ. ಮುಂದಿನ ಪಂದ್ಯ ಫೈನಲ್. ಕೊಟ್ರೇಶನಿಲ್ಲದೆ ನಾವು ಗೆಲ್ಲುವ ಹಾಗಿರಲಿಲ್ಲ. ನಾನು ಸೆಟೆದು ನಿಂತು, ಸಂಖ್ಯೆ ಪೂರ್ತಿ ಸಾಬ್ ಎಂದು ವರದಿ ಒಪ್ಪಿಸಿದೆ.

ತಂಡದ ಸಂಖ್ಯೆಯನ್ನು ಹಾಸ್ಟೆಲಿನಲ್ಲಿ ಮತ್ತೆ ಎಣಿಸುತ್ತಿರಲಿಲ್ಲ. ನನ್ನ ಮಾತನ್ನೇ ಬರೆದುಕೊಳ್ಳುತ್ತಿದ್ದರು.

ಏಳೂಮುಕ್ಕಾಲಿನ ಹೊತ್ತಿಗೆ, ಮೆಸ್ಸಿನಲ್ಲಿ ಪಕ್ಕದ ತಟ್ಟೆಯ ಮುಂದೆ ಯಾರೂ ಕೂರದಿದ್ದಾಗ ಮುನಿರಾಜ ಎದ್ದು ಹೋದ. ಅಂಗಡಿಯವನು ಇವತ್ತು ಆ ಹುಡುಗ ಬರಲೇ ಇಲ್ಲ ಎಂದನಂತೆ. ತಿರುಗಿ ಬರುವಾಗ ಶೆಡ್ಡಿನ ಬಾಗಿಲು ತಳ್ಳಿದ್ದಾನೆ. ಒಳಗೆ ಬಾವುಟಗಳ ಪಕ್ಕದಲ್ಲಿ ಕೊಟ್ರೇಶ ಮಗ್ಗುಲಾಗಿ ಬಿದ್ದಿದ್ದ. ಮುನಿರಾಜ ಅವನನ್ನು ಬೆನ್ನ ಮೇಲೆ ಹೊತ್ತುಕೊಂಡು ಅಷ್ಟುದ್ದ ಮೈದಾನವನ್ನು ಕೆಸರಿನಲ್ಲಿ ಓಡಿಬಂದ. ನಾವು ಕಾಲೇಜಿನ ಜೀಪಿನಲ್ಲಿ ಹೊರಟೆವು. ಹೊಸೂರು ರಸ್ತೆ ಕಂಪನಿ ಬಸ್ಸುಗಳಿಂದ ತುಂಬಿಹೋಗಿತ್ತು. ಹುಡುಗನ ತಲೆ ನನ್ನ ತೊಡೆಯ ಮೇಲಿತ್ತು. ಉಸಿರು ಗೊರಗೊರ ಎನ್ನುತ್ತಿತ್ತು. ತಲೆಯೊಳಗೆ ರಕ್ತ ಹೆಪ್ಪುಗಟ್ಟಿದೆ ಎಂದು ಹೇಳಿದ ಡಾಕ್ಟರು, ಒಂದು ಗಂಟೆ ಮುಂಚೆ ತಂದಿದ್ದರೆ ಎಂದು ಶುರುಮಾಡಿ, ತಂದೆ ಒಳಗೆ ಬರುವುದನ್ನು ಕಂಡು ಸುಮ್ಮನಾದರು. ಆ ಅರ್ಧ ವಾಕ್ಯ ನನಗೊಬ್ಬನಿಗೇ ಕೇಳಿಸಿತು. ಮೂರನೆಯ ದಿನ ಕೊಟ್ರೇಶ ತೀರಿಕೊಂಡ. ಅವನಿಗೆ ಹದಿನೇಳು ವರ್ಷ.

ವಿಚಾರಣೆ ಸಾಹೇಬರ ಕೋಣೆಯಲ್ಲೇ ನಡೆಯಿತು. ಕೊಟ್ರೇಶನ ತಂದೆ ಗೋಡೆಗೆ ಒರಗಿ ಕೂತಿದ್ದರು. ಅವತ್ತು ಸಂಜೆ ಫೋನು ಬರಲಿಲ್ಲ ಎಂದು ಮನೆಯಲ್ಲಿ ಅವನ ತಾಯಿ ಕಾಯುತ್ತಲೇ ಇದ್ದಳು ಎಂದಷ್ಟೇ ಅವರು ಹೇಳಿದರು. ಒಂಬತ್ತನೆಯ ನಂಬರು ಕೂಗಿದ್ದು ಯಾರು ಎಂದು ಸಾಹೇಬರು ಕೇಳಿದರು.

"ನಾನೇ ಸಾರ್. ಫೋನ್ ಮಾಡಕ್ಕೆ ಹೋಗವ್ನೆ ಅನ್ಕೊಂಡೆ," ಅಂದ ಮುನಿರಾಜ.

ಸಾಹೇಬರು ನನ್ನ ಕಡೆ ತಿರುಗಿ, ಇಷ್ಟು ದಿನ ಕೇಳಿದ ದನಿ, ನಿಮಗೆ ವ್ಯತ್ಯಾಸ ಗೊತ್ತಾಗಲಿಲ್ಲವೇ ಎಂದರು. ಮುನಿರಾಜ ತಲೆಯೆತ್ತಿ ನನ್ನನ್ನು ನೋಡಿದ. ಅವನ ಮುಖದಲ್ಲಿ ಬೇಡಿಕೆ ಇರಲಿಲ್ಲ. ನಾನು ಏನು ಹೇಳುತ್ತೇನೋ ಅದೇ ಸತ್ಯ ಎಂಬಂತೆ ಕಾಯುತ್ತಿದ್ದ, ಹುಡುಗರಿಗೆ ನಾನು ಕಲಿಸಿದ್ದೇ ಅದು. ನಾನು, ಮಳೆ ಜೋರಾಗಿತ್ತು ಸಾಬ್, ಗೊತ್ತಾಗಲಿಲ್ಲ ಎಂದೆ. ಮುನಿರಾಜ ಮತ್ತೆ ನೆಲ ನೋಡಿದ.

ಅವನನ್ನು ಅವತ್ತೇ ಕಾಲೇಜಿನಿಂದ ತೆಗೆದರು. ಮಧ್ಯಾಹ್ನ ಅವನ ತಾಯಿ ಗಾರ್ಮೆಂಟ್ಸಿನ ಗುರುತಿನ ಚೀಟಿ ಕೊರಳಲ್ಲಿ ಇರುವಂತೆಯೇ ಬಂದು, ಟ್ರಂಕಿನ ಒಂದು ಹಿಡಿ ತಾನು ಹಿಡಿದು, ಇನ್ನೊಂದನ್ನು ಮಗನ ಕೈಗೆ ಕೊಟ್ಟು ಗೇಟು ದಾಟಿದಳು. ಹೋಗುವಾಗ ನನಗೆ ಕೈಮುಗಿದಳು. ಮುಂದಿನ ತಿಂಗಳು ಸೈನ್ಯದ ಭರ್ತಿಗೆ ಹೋಗಬೇಕಿದ್ದ ಹುಡುಗ. ಕಾಲೇಜು ಕೊಟ್ಟ ನಡತೆಯ ಪತ್ರದಲ್ಲಿ ಏನು ಬರೆದಿತ್ತೆಂದು ನನಗೆ ಗೊತ್ತು. ಅದನ್ನು ಹಿಡಿದುಕೊಂಡು ಹೋದವನನ್ನು ಯಾರೂ ಸೇರಿಸಿಕೊಳ್ಳುವುದಿಲ್ಲ.

ಫೈನಲ್ ನಡೆಯಲಿಲ್ಲ. ನಾನು ಆ ವರ್ಷದ ಕೊನೆಗೆ ಕೆಲಸ ಬಿಟ್ಟೆ. ಕೆಲವು ವರ್ಷಗಳಿಗೆ ಸಾಹೇಬರೂ ತೀರಿಕೊಂಡು, ಕಾಲೇಜು ಮುಚ್ಚಿ, ಮೈದಾನ ಗೋದಾಮಿಗೆ ಹೋಯಿತು. ಈಗ ನನ್ನ ಗೇಟಿನಲ್ಲಿ ದಿನಾ ಇಪ್ಪತ್ತು ಗಾರ್ಡುಗಳು ಸಾಲು ನಿಲ್ಲುತ್ತಾರೆ. ನಾನು ಯಾರಿಂದಲೂ ನಂಬರು ಕೂಗಿಸುವುದಿಲ್ಲ. ಒಬ್ಬೊಬ್ಬರ ಹೆಗಲು ಮುಟ್ಟಿ ಎಣಿಸುತ್ತೇನೆ. ಹಾಗಿದ್ದೂ ಎಂಟನೆಯವನ ಹೆಗಲಿನಿಂದ ಕೈ ತೆಗೆಯುವಾಗ ಆ ಒರಟು ದನಿ ಕೇಳಿಸುತ್ತದೆ. ಯಾವ ದಿನವೂ ತಪ್ಪಿಲ್ಲ. ಅಭ್ಯಾಸವಾಗಿ ಮದುವೆ ಮನೆಗಳಲ್ಲೂ ಊಟದ ಸಾಲು ಎಣಿಸುತ್ತಾ ನಿಲ್ಲುತ್ತೇನೆ.

"ಇಂಗೆ ಎಣಿಸ್ಕೊಂಡು ನಿಂತ್ರೆ ಬಂದೋರು ಏನನ್ಕೋತಾರೆ? ಯಾರು ಕಮ್ಮಿಯಾಗವ್ರೆ ಹೇಳ್ರಿ ನಂಗೆ," ಎಂದು ಹೆಂಡತಿ ಒಮ್ಮೆ ಬೈದಳು. ಅವಳಿಗೂ ನಾನು ಹೇಳಿರಲಿಲ್ಲ.

ಮೆಟ್ರೋ ಬೆಂಚಿನ ಮೇಲೆ ಕೂತ ಆ ಸಂಜೆ, ಇನ್ನು ಹೊತ್ತುಕೊಂಡಿರಲು ಆಗುವುದಿಲ್ಲ ಎನ್ನಿಸಿತು. ಭಾನುವಾರ ಬೆಳಿಗ್ಗೆ ಬಸ್ಸು ಹಿಡಿದು ಮಾರತ್ತಹಳ್ಳಿಗೆ ಹೋದೆ. ಅಂತ್ಯಕ್ರಿಯೆಯ ದಿನ ನೋಡಿದ ಅಪಾರ್ಟ್‌ಮೆಂಟು ಅಲ್ಲೇ ಇತ್ತು, ಸುತ್ತ ಪಿಜಿಗಳು ಎದ್ದು ಅದು ಕುಳ್ಳಗಾಗಿತ್ತು. ಬಾಗಿಲು ತೆರೆದ ಕೊಟ್ರೇಶನ ತಾಯಿ ಗಿರಿಜಮ್ಮ ನನ್ನನ್ನು ಗುರುತು ಹಿಡಿದರು. ಒಳಗೆ ಕರೆದು ಕೂರಿಸಿದರು. ಯಜಮಾನರು ಪೂಜೆಗೆ ಕೂತಿದ್ದಾರೆ, ಬರುತ್ತಾರೆ ಎಂದರು. ಗೋಡೆಯ ಮೇಲೆ ಕೊಟ್ರೇಶನ ಫೋಟೋ ಇತ್ತು, ವಿಭೂತಿ ಅಚ್ಚುಕಟ್ಟಾಗಿತ್ತು. ನಾನು ಬಂದ ಕಾರಣ ಹೇಳಲು ಬಾಯಿ ತೆರೆಯುವ ಮೊದಲೇ ಅವರು ಚಹಾ ಮುಂದಿಟ್ಟು ಮಾತು ತೆಗೆದರು. ಮುನಿರಾಜು ಈಗ ಬೊಮ್ಮಸಂದ್ರದ ಒಂದು ಕಾರ್ಖಾನೆಯಲ್ಲಿ ಫೋರ್ಕ್‌ಲಿಫ್ಟ್ ಓಡಿಸುತ್ತಾನೆ, ಎರಡು ಮಕ್ಕಳು, ಪ್ರತಿ ವರ್ಷ ಕೊಟ್ರೇಶ ತೀರಿಕೊಂಡ ದಿನಕ್ಕೆ ತಪ್ಪದೆ ಬಂದು ಊಟ ಮಾಡಿ ಹೋಗುತ್ತಾನೆ ಎಂದರು.

"ಮೊದಮೊದಲಿಗೆ ನಿಮ್ಮ ಮ್ಯಾಲೆ ನಮಗ ಭಾಳ ಸಿಟ್ಟಿತ್ರಿ," ಅಂದರು ಆಮೇಲೆ. "ಆ ಹುಡುಗನಽ ಹೇಳಿದ. ಉಸ್ತಾದ್‌ರದು ಏನೂ ತಪ್ಪಿಲ್ಲ ಅಮ್ಮಾ, ನಾನು ದನಿ ಬದಲಾಯಿಸಿ ಕೂಗಿದ್ದೆ, ಅವರಿಗೆ ಹೆಂಗ ಗೊತ್ತಾಗಬೇಕು ಅಂದ. ಅಂದಿನಿಂದ ನಿಮ್ಮನ್ನ ಬೈಯೋದು ಬಿಟ್ವಿ. ಅವನ್ನ ಬೈದ್ವಿ. ಬೈಸಿಕೊಂಡೂ ಬರ್ತಾನ ಅವ."

ಚಹಾ ನನ್ನ ಕೈಯಲ್ಲೇ ಇತ್ತು. ಇಷ್ಟು ವರ್ಷ ಅವನು ನನ್ನ ಪಾಲಿನ ಬೈಗುಳವನ್ನೂ ತಿಂದಿದ್ದ. ಈಗ ಸುಮ್ಮನೆ ಚಹಾ ಕುಡಿದು ಎದ್ದು ಬಂದರೆ ಯಾರಿಗೂ ಗೊತ್ತಾಗುವುದಿಲ್ಲ ಎಂಬ ಯೋಚನೆ ಆ ಹೊತ್ತಿನಲ್ಲೂ ನನಗೆ ಬಂತು. ನಾಚಿಕೆಯಾದರೂ ಬರೆಯುತ್ತೇನೆ, ಬಂತು.

"ಅವನು ದನಿ ಬದಲಾಯಿಸಿರಲಿಲ್ಲ ತಾಯಿ," ಎಂದೆ. "ನಂಗೆ ಕೇಳಿಸ್ತು. ಅವನೇ ಅಂತ ಗೊತ್ತಾಯ್ತು. ಫೈನಲ್ ಇದೆ ಅಂತ ಸುಮ್ಮನಾದೆ."

ಗಿರಿಜಮ್ಮ ಅಳುತ್ತಾರೆ ಎಂದುಕೊಂಡೆ, ಅಳಲಿಲ್ಲ. ಹೊರಗೆ ಹೋಗು ಎನ್ನುತ್ತಾರೆ ಎಂದುಕೊಂಡೆ, ಅದನ್ನೂ ಹೇಳಲಿಲ್ಲ. ಎದ್ದು ಒಳಕೋಣೆಯ ಬಾಗಿಲಿಗೆ ಹೋಗಿ, ರೀ, ಹೊರಗ ಬರ್ರಿ ಎಂದು ಗಂಡನನ್ನು ಕರೆದರು. ಟೇಬಲ್ಲಿನ ಮೇಲಿದ್ದ ಫೋನು ಎತ್ತಿಕೊಂಡು ನನ್ನ ಎದುರು ಬಂದು ಕೂತರು.

"ನನಗ ಹೇಳಿದ್ದನ್ನ ಅವರ ಮುಂದನೂ ಹೇಳ್ರಿ," ಎಂದರು. "ಮುನಿರಾಜಗ ಫೋನ್ ಹಚ್ಚತೀನಿ. ಅವನಿಗೂ ನೀವಽ ಹೇಳ್ರಿ."

ಕೊಟ್ರೇಶನ ತಂದೆ ಒದ್ದೆ ಕೈ ಒರೆಸಿಕೊಳ್ಳುತ್ತಾ ಬಂದು ನಿಂತರು. ನಾನು ಎದ್ದು ನಿಂತು ಅವರಿಗೆ ಹೇಳಿದೆ. ಎರಡನೆಯ ಸಲ ಹೇಳುವುದು ಮೊದಲ ಸಲಕ್ಕಿಂತ ಕಷ್ಟವಾಗಿತ್ತು. ಹೇಳಿ ಮುಗಿಯುವ ಹೊತ್ತಿಗೆ ಗಿರಿಜಮ್ಮ ಹಚ್ಚಿದ್ದ ಫೋನನ್ನು ಆ ಕಡೆ ಮುನಿರಾಜ ಎತ್ತಿದ್ದ.